ಹಾಲು ಹಂಚಿಕೊಂಡ ಕರ್ನಲ್

ಗ್ಲೆನ್ ಅರ್ಡಾಕ್, ಸ್ಕಾಟ್ಲೆಂಡಿನ ಬೆಟ್ಟಸೀಮೆ
೧೮೪೨ ಮೇ ೧೮, ಬುಧವಾರ

ಪ್ರೀತಿಯ ಲಾಕ್ಲನ್ ಅಣ್ಣನಿಗೆ,

ಕರ್ನಲ್ ಸರ್ ಟಾರ್ಕ್ವಿಲ್ ಕೊಟ್ಟ ಮಾತು ಮುರಿದಿದ್ದಾನೆ. ಮುಂದಿನ ವಾರ ಗುರುವಾರ ನಮ್ಮನ್ನೂ ಕಣಿವೆಯ ಇನ್ನು ಹದಿನೇಳು ಮನೆಯವರನ್ನೂ ಹೊರಹಾಕಿ, ಚಾವಣಿಗಳಿಗೆ ಬೆಂಕಿ ಇಡಿಸುತ್ತಾನೆ. ಕುರಿ ಮೇಯಿಸಲು ಜಾಗ ಬೇಕಂತೆ. ಇದನ್ನು ಮೊದಲೇ ಹೇಳಿಬಿಟ್ಟೆ. ಈಗ ಹೇಳು, ನಿನ್ನ ಕೆಮ್ಮು ಹೇಗಿದೆ? ಜಿಬ್ರಾಲ್ಟರಿನಿಂದ ಬಂದ ನಿಮ್ಮ ತುಕಡಿಯನ್ನು ನಮ್ಮ ಸೀಮೆಯ ಕೋಟೆಯ ಒದ್ದೆ ಕೋಣೆಗಳಲ್ಲಿ ಮಲಗಿಸಿದ್ದಾರೆಂದು ಕೇಳಿದೆ. ಅಮ್ಮ ಹೆಣೆದ ಕಾಲುಚೀಲ ತಲುಪಿತೆ?

ಕರ್ನಲನ ಕಥೆಯನ್ನು ನೀನು ಅಪ್ಪನ ಬಾಯಲ್ಲೇ ಕೇಳಿದ್ದೀಯ. ಒಮ್ಮೆ ನನ್ನ ಬಾಯಲ್ಲೂ ಕೇಳು. ಹುಟ್ಟಿದ ಎಂಟನೇ ದಿನ ಅವನನ್ನು ದೊಡ್ಡಮನೆಯಿಂದ ತಂದು ನಮ್ಮ ಅಜ್ಜಿಯ ಮಡಿಲಿಗೆ ಹಾಕಿದರು. ಒಡೆಯರ ಮಕ್ಕಳು ಒಕ್ಕಲಿನ ಹೆಂಗಸಿನ ಹಾಲು ಕುಡಿದು ಬೆಳೆಯುವುದು ನಮ್ಮಲ್ಲಿ ಪದ್ಧತಿಯಲ್ಲವೆ. ಒಂದು ಮೊಲೆ ಅವನಿಗೆ, ಇನ್ನೊಂದು ಅಪ್ಪನಿಗೆ. ಏಳು ವರ್ಷ ಇದೇ ಒಲೆಯ ಮುಂದೆ ಕೂತು ಓಟ್ಸ್ ಗಂಜಿ ಉಂಡ. ಹದಿನಾರಕ್ಕೆ ಅವನ ತಂದೆ ಸೈನ್ಯದಲ್ಲಿ ಅಧಿಕಾರಿಯ ಪದವಿ ಕೊಂಡುಕೊಟ್ಟರು. ಹಾಲುಸೋದರ ಹೋದಲ್ಲಿಗೆ ಹೋಗಬೇಕಲ್ಲ, ಅಪ್ಪ ಬಂದೂಕು ಹೊತ್ತು ಹಿಂದೆ ನಡೆದರು. ಶ್ರೀರಂಗಪಟ್ಟಣ ಎಂಬ ಊರಿನ ಕೋಟೆ ಮುತ್ತಿದ ದಿನ, ಹೊಳೆಯಲ್ಲಿ ಗುಂಡು ತಗುಲಿ ಬಿದ್ದವನನ್ನು ಅಪ್ಪ ಬೆನ್ನ ಮೇಲೆ ಹೊತ್ತು ದಡಕ್ಕೆ ತಂದರು. ಅವನು ಕ್ಯಾಪ್ಟನ್ ಆದ. ಸ್ಪೇನಿನಲ್ಲಿ ಅಪ್ಪನ ಮೊಣಕಾಲು ಹೋಯಿತು, ಅವನು ಮೇಜರ್ ಆದ. ಆಮೇಲೆ ಕರ್ನಲ್ ಆದ, ಸರ್ ಆದ. ದೊಡ್ಡಮನೆಯ ಮೆಟ್ಟಿಲ ಮೇಲೆ ಅವನ ಆಳೆತ್ತರದ ಚಿತ್ರವಿದೆ. ವಿಕ್ ಬಂದರಿನಲ್ಲಿ ಮೀನು ಸೀಳುವ ಕೆಲಸಕ್ಕೆ ಹೋಗಿದ್ದಾಗ ಪೀಪಾಯಿ ಮಾಡುವವನೊಬ್ಬ ನನಗೆ ಬಡವರ ಹಕ್ಕಿನ ಬಗ್ಗೆ ಅಚ್ಚಾದ ಕರಪತ್ರಗಳನ್ನು ಕೊಟ್ಟ. ಅವನ್ನು ಓದಿದ ಮೇಲೆ, ಆ ಚಿತ್ರದಲ್ಲಿ ಕರ್ನಲ್ ಯಾರ ಬೆನ್ನ ಮೇಲೆ ನಿಂತಿದ್ದಾನೆ ಎಂಬುದಷ್ಟೇ ನನಗೆ ಕಾಣುತ್ತದೆ.

ಮೂರು ವರ್ಷದ ಹಿಂದೆ ಅವನು ಅಪ್ಪನ ಕೈ ಹಿಡಿದು ಹೇಳಿದ್ದು ನಿನಗೆ ಮರೆತಿರಲಾರದು: "ಡೋನಲ್, ಹುಡುಗನನ್ನ ನನ್ನ ರೆಜಿಮೆಂಟಿಗೆ ಕೊಡು. ನಾನಿರೋವರೆಗೂ ಈ ಒಲೆ ಆರಿಸೋಕೆ ಯಾರಿಗೂ ಬಿಡಲ್ಲ." ಬರೆಸಿಕೊಳ್ಳಿ ಎಂದಿದ್ದಕ್ಕೆ ಅಪ್ಪ ನನ್ನನ್ನು ಆಚೆ ಅಟ್ಟಿದರು. "ಒಂದೇ ಎದೆ ಹಾಲು ಕುಡಿದವನ ಹತ್ರ ಕಾಗದ ಕೇಳ್ತಾರೇನೇ, ಮಾನಗೆಟ್ಟವಳೇ?" ಉಳಿದ ಹದಿನೇಳು ಮನೆಗೂ ಅವನು ಇದೇ ಮಾತು ಕೊಟ್ಟ, ಕಣಿವೆಯಲ್ಲಿ ಒಬ್ಬರೂ ಕಾಗದ ಕೇಳಲಿಲ್ಲ. ನೀನೂ ಕೇಳಲಿಲ್ಲ, ಅಣ್ಣ. ಹದಿನೆಂಟು ಮನೆಗಳಿಂದ ಹದಿನೆಂಟು ಹುಡುಗರು ಹೋದಿರಿ, ಒಂದು ಚೂರು ಕಾಗದವಿಲ್ಲ.

ಹೋದ ಶನಿವಾರ ಅಪ್ಪ ಗಡ್ಡ ಬೋಳಿಸಿ, ಒಗೆದ ಅಂಗಿ ತೊಟ್ಟು ದೊಡ್ಡಮನೆಗೆ ಹೊರಟರು. "ಹೋಗಿಬನ್ನಿ, ನಿಮ್ಮಣ್ಣ ಒಂದು ಲೋಟ ವಿಸ್ಕಿ ಕೊಟ್ಟು ಬೆನ್ನು ಸವರಿ ಕಳಿಸ್ತಾನೆ" ಎಂದು ಅಮ್ಮ ಹಂಗಿಸಿದಳು. ಹಾಗೇ ಆಯಿತು. ಕರ್ನಲ್ ಅಪ್ಪನನ್ನು ತಬ್ಬಿಕೊಂಡು, ಹೊಳೆಯ ದಿನ ನೆನೆದು ಅತ್ತನಂತೆ. "ಜಮೀನಿನ ವಿಷಯ ವಕೀಲರದು ಕಣೋ ಡೋನಲ್. ಅದೊಂದು ಬಿಟ್ಟು ಬೇರೆ ಏನಾದ್ರೂ ಕೇಳು" ಎಂದನಂತೆ. ಕೆನಡಾಕ್ಕೆ ಹೋಗುವ ಹಡಗಿನಲ್ಲಿ ಜಾಗ ಕೊಡಿಸುತ್ತಾನಂತೆ. ಮನೆಗೆ ಬಂದ ಅಪ್ಪ ಕೊನೆಗೆ ಹೇಳಿದ್ದು, "ಪಾಪ, ತುಂಬಾ ಅತ್ತ." ನಾನು ಬೈಯಲು ಹೊರಟವಳು ಅಪ್ಪನ ಮುಖ ನೋಡಿ, ಅವರ ಬೂಟು ಕಳಚಲು ಕೂತೆ. ಅರವತ್ತೆರಡು ವರ್ಷ ನಂಬಿದ್ದನ್ನು ಕಿತ್ತುಕೊಂಡರೆ ಅವರಿಗೆ ಉಳಿಯುವುದೇನು?

ಇದು ನಮ್ಮ ಪಾಪದ ಫಲ ಎಂದು ಪಾದ್ರಿಯವರು ಹೇಳಿದರು. ನಾನು ಬರೆದ ಮನವಿ ಒಡೆಯದೆ ಹಾಗೇ ವಾಪಸ್ ಬಂತು. ನೋಟೀಸುಗಳನ್ನು ತಂದವನ ಕೈಯಿಂದ ಕಿತ್ತು ನಾವು ಹೆಂಗಸರು ಸುಟ್ಟೆವು. ಅದರಿಂದ ಏನೂ ನಿಲ್ಲುವುದಿಲ್ಲವೆಂದು ನನಗೆ ಗೊತ್ತು. ಆದರೂ ಆ ಗುರುವಾರ ಕಣಿವೆಗೆ ಬರುವ ಸೇತುವೆಗೆ ಅಡ್ಡ ನಿಲ್ಲುತ್ತೇವೆ.

ಅಪ್ಪ ಅಮ್ಮ ನಿನ್ನನ್ನು ಹರಸಿದ್ದಾರೆ. ಕರ್ನಲ್ ಎದುರಾದರೆ ನೆಟ್ಟಗೆ ನಿಂತು ಸೆಲ್ಯೂಟ್ ಹೊಡೆಯಬೇಕೆಂದು ಅಪ್ಪ ಹೇಳಿಸಿದ್ದಾರೆ. ಅದನ್ನೂ ಬರೆದಿದ್ದೇನೆ.

ನಿನ್ನ ತಂಗಿ,
ಇಶಬೆಲ್

ಕಾಗದ ಅಂಟಿಸುವ ಮುನ್ನ: ಕೋಟೆಗೆ ಸಾಮಾನು ಸಾಗಿಸುವ ಗಾಡಿಯವನು ಈಗತಾನೇ ಹೇಳಿದ. ನಮ್ಮನ್ನು ಹೊರಹಾಕಲು ಬರುವ ಶೆರೀಫನ ಕಾವಲಿಗೆ ಬರಲು ನಿನ್ನ ತುಕಡಿಗೇ ಆಜ್ಞೆಯಾಗಿದೆ. ದಾರಿ ಬಲ್ಲ ಹುಡುಗರು ಬೇಕೆಂದು ಕರ್ನಲನೇ ಆರಿಸಿದನಂತೆ. ನಿಮಗೆ ಇನ್ನೂ ತಿಳಿಸಿರಲಿಕ್ಕಿಲ್ಲ. ಓಡಿಹೋಗು ಎಂದು ಬರೆಯಲಾರೆ, ಹಿಡಿದರೆ ಏನು ಮಾಡುತ್ತಾರೆಂದು ಬಲ್ಲೆ. ಅಮ್ಮನಿಗೆ ಹೇಳಿಲ್ಲ. ಅವಳು ಮುಂದಿನ ಸಾಲಿನಲ್ಲಿರುತ್ತಾಳೆ, ನಾನು ಅವಳ ಪಕ್ಕದಲ್ಲಿ. ಗುರುವಾರ, ಇಪ್ಪತ್ತಾರನೇ ತಾರೀಖು, ಬೆಳಿಗ್ಗೆ ಹತ್ತು ಗಂಟೆಗೆ ಸೇತುವೆಯ ಮೇಲೆ ಸಿಗೋಣ.