ನೀನೇ ಹೇಳಿದ್ದಿರಬೇಕು

ಅಕ್ಕಾ,

ಎಂಟು ವರ್ಷ ಬ್ಯಾಸ್ಕೆಟ್‌ಬಾಲನ್ನೇ ನಂಬಿ ಬದುಕಿದ ನನ್ನನ್ನು ಕೋಚ್ ಫೈನಲ್‌ನಲ್ಲಿ ಬೆಂಚಿನ ಮೇಲೆ ಕೂರಿಸಿದರು. "ಮೊದಲು ಹಾರ್ಟ್ ಚೆಕ್ ಮಾಡಿಸ್ಕೊ, ಆಟ ಆಮೇಲೆ" ಅಂದರು. ನಾನು ನಿನ್ನ ಅಡುಗೆಮನೆಯಲ್ಲಿ ತಲೆ ಸುತ್ತಿ ಬಿದ್ದದ್ದು ಅವರಿಗೆ ಹೇಗೆ ಗೊತ್ತಾಯಿತು? ಅಲ್ಲಿದ್ದವಳು ನೀನೊಬ್ಬಳೇ.

ಫೋನಿನಲ್ಲಿ "ನನ್ನನ್ನ ಆಡಿಸ್ಲೇ ಇಲ್ಲ" ಎಂದೆ, ಅಷ್ಟೇ. "ನಾನೇನೂ ಹೇಳಿಲ್ಲಮ್ಮ" ಎಂದುಬಿಟ್ಟೆ ನೀನು. ಕುಂಬಳಕಾಯಿ ಕಳ್ಳ ಅಂದರೆ ಹೆಗಲು ಮುಟ್ಟಿ ನೋಡಿಕೊಂಡ ಹಾಗಿತ್ತು. ಇದೇ ತಂಡದ ಆಯ್ಕೆಗೆ ನೀನೂ ಒಮ್ಮೆ ಹೋಗಿದ್ದೆ. ನಿನಗೆ ಸಿಗದ ಜರ್ಸಿ ನನಗೆ ಸಿಕ್ಕಿತೆಂಬ ಹೊಟ್ಟೆಕಿಚ್ಚೇ ಇರಬೇಕು ಅಂದುಕೊಂಡು, ಆಮೇಲೆ ನಿನ್ನ ಫೋನ್ ಎತ್ತಲಿಲ್ಲ.

ನಿನ್ನೆ ರಿಪೋರ್ಟ್ ಬಂತು. ಹೃದಯದ ಕವಾಟ ಕೆಟ್ಟಿದೆಯಂತೆ. "ಆವತ್ತು ಆಡಿದ್ದಿದ್ರೆ ಅಲ್ಲೇ ಪ್ರಾಣ ಹೋಗ್ತಿತ್ತು. ಇನ್ನು ಆಟ ಮರೆತುಬಿಡಿ" ಎಂದರು ಡಾಕ್ಟರು.

ಗುರುವಾರ ಆಪರೇಷನ್. ಮನೆಯವರೊಬ್ಬರು ಸಹಿ ಹಾಕಬೇಕಂತೆ, ನೀನು ಬಾ. ಅಮ್ಮನಿಗೆ ಸದ್ಯ ಹೇಳಬೇಡ. ಈ ಗುಟ್ಟನ್ನಾದರೂ ಹೊಟ್ಟೆಯಲ್ಲಿಟ್ಟುಕೊ. ಕೋಚ್‌ಗೆ ಹೇಳಿದ್ದು ನೀನಲ್ಲವೆಂದು ನನ್ನ ಹಾಸಿಗೆ ಪಕ್ಕ ನಿಂತು ಆಣೆ ಮಾಡಿದರೂ ನಾನು ನಂಬುವುದಿಲ್ಲ. ಬೇಗ ಬಾ.

ನಿನ್ನ ತಂಗಿ