ಆರಡಿ ಮೂರಡಿಯ ಸಿಹಿ ಸುದ್ದಿ

ಅಕ್ಟೋಬರ್ ೧೦, ಶುಕ್ರವಾರ

ಪ್ರೀತಿಯ ತಂಗಿಗೆ, ನಿನ್ನ ಅಣ್ಣನ ಸಲಾಂ.

ನೀನೂ ನಿನ್ನ ಮನೆಯವರೂ ಮಕ್ಕಳೂ ಸುಖವಾಗಿದ್ದೀರಿ ಎಂದು ನಂಬಿದ್ದೇನೆ. ನಿನ್ನ ಎರಡು ಕಾಗದಗಳೂ ಬಂದು ಮೇಜಿನ ಮೇಲೆ ಕೂತಿವೆ. ಉತ್ತರ ಬರೆಯದ ಅಣ್ಣನ ಮೇಲೆ ನೀನು ಮುನಿಸಿಕೊಂಡಿರುತ್ತೀಯ, ಮುನಿಸಿಕೋ. ಆದರೆ ಇದನ್ನು ಓದಿ ಮುಗಿಸುವ ತನಕ ಸುಮ್ಮನಿರು. ಫೋನಿನಲ್ಲೇ ಹೇಳಿಬಿಡಬಹುದಿತ್ತು, ಅಲ್ಲಿ ನಾನು ಒಂದು ಮಾತಾಡಿದರೆ ನೀನು ಹತ್ತು ಮಾತಾಡುತ್ತೀಯ, ನನ್ನ ಸುದ್ದಿ ನನ್ನ ಬಾಯಲ್ಲೇ ಆರಿಹೋಗುತ್ತದೆ.

ಸುದ್ದಿ ಏನೆಂದರೆ, ನಮಗೆ ಖಬರಸ್ತಾನ ಸಿಕ್ಕಿತು.

ನಗಬೇಡ. ಮದುವೆ ಗೊತ್ತಾದವರ ಹಾಗೆ ನಾವಿಲ್ಲಿ ಕುಣಿದಾಡುತ್ತಿದ್ದೇವೆ. ಬೆಳಿಗ್ಗೆ ಲಿಫ್ಟು ರಿಪೇರಿ ಕೆಲಸಕ್ಕೆ ಹೋದವನು ಆರನೇ ಮಹಡಿಯಲ್ಲಿ ನಿಲ್ಲಿಸಬೇಕಾದ ಲಿಫ್ಟನ್ನು ಏಳರಲ್ಲಿ ನಿಲ್ಲಿಸಿ, ಬಾಗಿಲು ತೆರೆದು, ಅಲ್ಲಿದ್ದ ಗುರುತಿಲ್ಲದ ಹೆಂಗಸಿಗೆ "ನಮಗೆ ಜಾಗ ಸಿಕ್ಕಿತು" ಎಂದು ಹೇಳಿಬಿಟ್ಟೆ. ಪಾಪ, ಆಕೆ ಬಾಡಿಗೆ ಮನೆ ಎಂದುಕೊಂಡು ಎಷ್ಟು ರೂಮು ಎಂದು ಕೇಳಿದರು.

ಈ ಪರದೇಶದ ಕಷ್ಟ ನಿನಗೆ ಅಷ್ಟೋ ಇಷ್ಟೋ ಗೊತ್ತು. ಪೀಠೋಪಕರಣದ ಹಳೆಯ ಗೋದಾಮಿನ ಮಹಡಿಯಲ್ಲಿ ನಮ್ಮ ಮಸೀದಿ ಇದೆ, ಮಕ್ಕಳಿಗೆ ಶಾಲೆ ಇದೆ, ನಮಗೆ ಕೆಲಸ ಇದೆ. ಸಾಯಲು ಮಾತ್ರ ಜಾಗವಿರಲಿಲ್ಲ. ಯಾರಾದರೂ ತೀರಿಕೊಂಡರೆ ದೂರದ ದೊಡ್ಡ ನಗರಕ್ಕೆ ವ್ಯಾನಿನಲ್ಲಿ ಒಯ್ಯಬೇಕು, ಇಲ್ಲವೆ ಪೆಟ್ಟಿಗೆಯಲ್ಲಿಟ್ಟು ವಿಮಾನಕ್ಕೆ ಹಾಕಬೇಕು. ಊರಾಚೆ ನಗರಸಭೆಯ ಸ್ಮಶಾನ ಎಕರೆಗಟ್ಟಲೆ ಬಿದ್ದಿದೆ. ಅದರ ಒಂದು ಮೂಲೆ ಕೊಡಿ ಎಂದು ನಾವು ಕೇಳುತ್ತಲೇ ಬಂದಿದ್ದೆವು. ಅವರು ನೋಡೋಣ ಎನ್ನುತ್ತಲೇ ಬಂದಿದ್ದರು.

ನಮ್ಮ ಕಮಿಟಿಯ ಯಜಮಾನ ಒಬ್ಬ ಕ್ಷೌರಿಕ. ನಾವೆಲ್ಲ ಅವನನ್ನು ಕತ್ತರಿ ಎಂದೇ ಕರೆಯುವುದು. ಕೈಯಲ್ಲಿರುವ ಕತ್ತರಿಗಿಂತ ಬಾಯಲ್ಲಿರುವುದು ಹರಿತ. ಅವನು ಬೇರೆ ದೇಶದಿಂದ ಬಂದವನು. ನನ್ನ ಭಾಷೆ ಅವನಿಗೆ ತಿಳಿಯದು, ಅವನದು ನನಗೆ ತಿಳಿಯದು. ನಮಾಜಿಗೆ ಹೆಗಲಿಗೆ ಹೆಗಲು ತಾಗಿಸಿ ನಿಲ್ಲುತ್ತೇವೆ, ಜಗಳವಾಡುವಾಗ ಈ ಊರಿನ ಭಾಷೆಯಲ್ಲಿ ಆಡುತ್ತೇವೆ. ಕಳೆದ ಮಂಗಳವಾರ ನಗರಸಭೆಯವರು ಎರಡೂ ಕಡೆಯವರನ್ನು ಕರೆದು ಕೇಳುತ್ತಾರೆಂದು ತಿಳಿದಾಗ ಅವನು ಅಂಗಡಿ ಮುಚ್ಚಿ, ನಮ್ಮೆಲ್ಲರ ಗಡ್ಡ ತಿದ್ದಿ, ಮದುವೆ ದಿಬ್ಬಣದಂತೆ ಕರೆದುಕೊಂಡು ಹೋದ.

ಸಭಾಂಗಣ ತುಂಬಿತ್ತು. ಬೇಡ ಎನ್ನುವವರೂ ಬಂದಿದ್ದರು. ಅವರ ಪರವಾಗಿ ಮೊದಲು ಮಾತಾಡಿದ್ದು ಸ್ಮಶಾನದ ಗೇಟಿನ ಬಳಿ ಹೂ ಮಾರುವ ಮುದುಕಿ. ತನ್ನ ಗಂಡ ಅಲ್ಲೇ ಮಲಗಿದ್ದಾನೆ, ಅವನ ಅಕ್ಕಪಕ್ಕದಲ್ಲಿ ಗುರುತುಪರಿಚಯ ಇಲ್ಲದವರು ಬಂದು ಮಲಗುವುದು ತನಗೆ ಸರಿಬೀಳುವುದಿಲ್ಲ ಎಂದರು. ಆ ಮಾತಿನಲ್ಲಿ ವಿಷವಿರಲಿಲ್ಲ, ಭಯವಿತ್ತು.  ಅಂಥ ಕತ್ತರಿಯೇ ಎದ್ದು ಆಕೆಗೆ ತನ್ನ ಕುರ್ಚಿ ಬಿಟ್ಟುಕೊಟ್ಟನೆಂದರೆ ನೀನೇ ಲೆಕ್ಕ ಹಾಕು.

ಆಮೇಲೆ ಕನ್ನಡಕದ ಸದಸ್ಯರೊಬ್ಬರು ಮೆತ್ತಗೆ, ನಮ್ಮ ಒಳ್ಳೆಯದಕ್ಕೇ ಎಂಬಂತೆ ಕೇಳಿದರು: "ನಿಮ್ಮವರನ್ನ ನಿಮ್ಮ ನಿಮ್ಮ ಊರಿಗೇ ಕಳಿಸಿಕೊಟ್ರೆ ನಿಮಗೂ ಸಮಾಧಾನ ಅಲ್ವಾ?"

ಆಗ ಎದ್ದು ನಿಂತದ್ದು ನನ್ನ ಮಗಳು. ಆಸ್ಪತ್ರೆಯ ಡ್ಯೂಟಿ ಮುಗಿಸಿ ನರ್ಸಿನ ಬಟ್ಟೆಯಲ್ಲೇ ಬಂದಿದ್ದಳು, ತಲೆಗೆ ಅದೇ ಬಿಳಿ ವಸ್ತ್ರ. ನೀನು ಯಾವಾಗಲೂ ಹೇಳುತ್ತೀಯಲ್ಲ, ಇವಳಿಗೆ ಬಾಯೇ ಇಲ್ಲ ಎಂದು, ಆ ಮಗಳು.

"ನಾನು ಹುಟ್ಟಿದ್ದು ಇದೇ ಊರಿನ ಆಸ್ಪತ್ರೆಯಲ್ಲಿ, ಈಗ ಕೆಲಸ ಮಾಡ್ತಿರೋದೂ ಅಲ್ಲೇ," ಎಂದಳು. "ನಿಮ್ಮಲ್ಲಿ ಇಬ್ಬರ ಅಪ್ಪಂದಿರ ಕಣ್ಣು ಮುಚ್ಚಿದ್ದು ನಾನು. ನನ್ನನ್ನ ಯಾವ ಊರಿಗೆ ಕಳಿಸ್ತೀರಾ ಹೇಳಿ. ನನ್ನ ಅಮ್ಮನ್ನ ಕಳಿಸಿ ಆಯ್ತು. ನಾನು ಅಮ್ಮನ ಹತ್ರ ಹೋಗಿ ಒಂದು ದುವಾ ಕೇಳ್ಬೇಕು ಅಂದ್ರೆ ಎರಡು ವಿಮಾನ ಹತ್ತಬೇಕು."

ಅಷ್ಟಕ್ಕೇ ಕೂತುಬಿಟ್ಟಳು.   ಯಾರೂ ಕರೆಯದಿದ್ದರೂ ನಾನು ಎದ್ದೆ. ಏನು ಹೇಳಬೇಕೆಂದು ಬರೆದುಕೊಂಡು ಹೋಗಿರಲಿಲ್ಲ. ಆ ಕಟ್ಟಡದ ಲಿಫ್ಟು ನನ್ನದೇ ರಿಪೇರಿ, ಅಲ್ಲಿ ಕೂತವರ ಮುಖಗಳೆಲ್ಲ ಗೊತ್ತು.

"ಇಷ್ಟು ವರ್ಷ ನಿಮ್ಮನ್ನೆಲ್ಲ ಮೇಲಕ್ಕೆ ಹತ್ತಿಸಿದ್ದೀನಿ," ಎಂದೆ. "ನಮಗೆ ಕೆಳಗಿಳಿಯೋಕೆ ಒಂದು ಜಾಗ ಕೊಡಿ, ಸಾಕು."

ಮೊದಲು ನಕ್ಕದ್ದು ಯಾರು ಗೊತ್ತೇ? ಹೂವಿನ ಮುದುಕಿ. ಸೆರಗಿಲ್ಲದ ಊರು, ಅಂಗೈಯಿಂದ ಬಾಯಿ ಮುಚ್ಚಿಕೊಂಡು ನಕ್ಕರು. ಆಮೇಲೆ ಎಲ್ಲರೂ. ಕೈ ಎತ್ತಿಸಿ ಎಣಿಸಿದಾಗ ನಮ್ಮ ಕಡೆಯೇ ಹೆಚ್ಚು. ಕನ್ನಡಕದವರೂ ಕೈ ಎತ್ತಿದ್ದರು. ಕತ್ತರಿ ನನ್ನನ್ನು ತಬ್ಬಿಕೊಂಡು ಅವನ ಭಾಷೆಯಲ್ಲಿ ಏನೇನೋ ಹೇಳಿದ, ನಾನು ಕನ್ನಡದಲ್ಲಿ ಏನೇನೋ ಹೇಳಿದೆ. ಇಬ್ಬರಿಗೂ ಅರ್ಥವಾಯಿತು.

ನಿನ್ನೆ ಬೆಳಿಗ್ಗೆ ಎಲ್ಲರೂ ಕೂಡಿ ಜಾಗ ನೋಡಲು ಹೋಗಿದ್ದೆವು. ಹುಲ್ಲು ಬೆಳೆದ ಇಳಿಜಾರು, ಮೂರು ಕಡೆ ಕಲ್ಲಿನ ಗೋಡೆ, ತುದಿಯಲ್ಲಿ ಎರಡು ದೊಡ್ಡ ಮರ. ಹೊಸ ಬಡಾವಣೆಯಲ್ಲಿ ಸೈಟು ನೋಡಲು ಬಂದವರಂತೆ ನಮ್ಮ ಜನ ಓಡಾಡಿದ್ದೇ ಓಡಾಡಿದ್ದು. ಒಬ್ಬರಿಗೆ ಮರದ ನೆರಳು ಬೇಕು, ಇನ್ನೊಬ್ಬರಿಗೆ ಬೇರು ಚುಚ್ಚುತ್ತದೆಂದು ಮರ ಬೇಡ. ಕತ್ತರಿಯ ಹೆಂಡತಿ ತನ್ನನ್ನು ಗಂಡನ ಪಕ್ಕದಲ್ಲಿ ಮಾತ್ರ ಇಡಬೇಡಿ, ಗೊರಕೆ ಕೇಳಿ ಕೇಳಿ ಸಾಕಾಗಿದೆ, ಕಯಾಮತ್ತಿನ ಕೊನೇ ದಿನದವರೆಗಾದರೂ ನಿದ್ದೆ ಮಾಡುತ್ತೇನೆ ಎಂದಳು. ಹಾಗಾದರೆ ಉದ್ಘಾಟನೆ ಯಾರಿಂದ ಎಂದು ಯಾರೋ ಕೇಳಿದರು. ಎಲ್ಲರೂ ಪಕ್ಕದವರ ಕಡೆ ಬೆರಳು ತೋರಿಸಿದರು. ಆಮೇಲೆ ಆ ಗೋಡೆಗಳ ನಡುವೆ ನಗು ನಿಲ್ಲಲೇ ಇಲ್ಲ.

ಹೊರಡುವಾಗ ಹೂವಿನ ಮುದುಕಿ ಗೇಟಿನಲ್ಲಿ ನನ್ನನ್ನು ತಡೆದರು. ನಿಮ್ಮಲ್ಲಿ ಗೋರಿಗೆ ಹೂ ಇಡುತ್ತೀರಾ ಎಂದು ಕೇಳಿದರು. ಕೆಲವರು ಇಡುತ್ತಾರೆ, ಕೆಲವರು ಇಡುವುದಿಲ್ಲ ಎಂದೆ. ಸ್ವಲ್ಪ ಯೋಚಿಸಿ, "ಇಡೋರನ್ನ ನನ್ನ ಹತ್ರ ಕಳಿಸಿ" ಎಂದರು. ನೆಂಟಸ್ತಿಕೆ ಶುರುವಾಗುವುದು ಹೀಗೇ ಅಲ್ಲವೇ?

ನೋಡು, ಇಷ್ಟು ವರ್ಷ ಇಲ್ಲಿದ್ದರೂ ನಾನು ಮನೆಗೆ ಒಂದು ಭಾರದ ಕಪಾಟು ತಂದವನಲ್ಲ. ನಾಳೆ ಹೊರಡುವವನಿಗೆ ಯಾಕೆ ಎನ್ನುತ್ತಿದ್ದೆ. ನಿನ್ನೆ ಸಂಜೆ ಮಗಳನ್ನು ಕರೆದುಕೊಂಡು ಹೋಗಿ ತೇಗದ್ದೊಂದು ಗೊತ್ತುಮಾಡಿ ಬಂದೆ. ನಾಲ್ಕು ಜನ ಎತ್ತಿದರೂ ಅಲುಗಾಡದಂಥದ್ದು. ಅಂಗಡಿಯವನು ಮೆಟ್ಟಿಲಲ್ಲಿ ಹತ್ತಿಸುವುದು ಹೇಗೆ ಎಂದ. ಅದರ ಚಿಂತೆ ನನಗೆ ಬಿಡಪ್ಪಾ ಎಂದೆ.

ನಿನ್ನ ಮೊಣಕಾಲು ನೋವಿಗೆ ಎಣ್ಣೆ ಹಚ್ಚುವುದನ್ನು ಬಿಡಬೇಡ. ಮಕ್ಕಳಿಗೆ ಮಾವನ ಮುತ್ತು. ಅಲ್ಲಾಹ್ ನಿನ್ನ ಮನೆಯ ಬಾಗಿಲಿಗೆ ಬಂದ ಕೆಡುಕನ್ನೆಲ್ಲ ಅಲ್ಲಿಂದಲೇ ತಿರುಗಿಸಲಿ, ನಿನ್ನ ಒಲೆ ಬೆಚ್ಚಗಿರಲಿ.

ನಿನ್ನ
ಅಣ್ಣ

ತಾ.ಕ.: ಬರೆಯಲು ಮರೆತಿದ್ದೆ ಎಂದರೆ ಸುಳ್ಳಾಗುತ್ತದೆ. ನಿನ್ನೆ ಆ ಇಳಿಜಾರಿನಲ್ಲಿ ಮಗಳು ನನ್ನ ತೋಳು ಹಿಡಿದು, "ಅಪ್ಪಾ, ನೀವಾದ್ರೂ ನನ್ನ ಹತ್ರ ಇರ್ತೀರಲ್ಲ" ಎಂದು ಕೇಳಿದಳು. ಹೂಂ ಎಂದೆ. ಬೇರೆ ಏನು ಹೇಳಲಿ? ಅಲ್ಲಿ ನಮ್ಮೂರಿನಲ್ಲಿ ನಿನ್ನ ಅತ್ತಿಗೆಯ ಪಕ್ಕದಲ್ಲಿ ನನಗೆಂದು ಬಿಡಿಸಿಟ್ಟ ಜಾಗವನ್ನು ಯಾರಾದರೂ ಕೇಳಿದರೆ ಕೊಟ್ಟುಬಿಡು. ವಿಮಾನಕ್ಕೆ ಕಳಿಸುವ ದಿನ ಪೆಟ್ಟಿಗೆಯ ಮೇಲೆ ಕೈಯಿಟ್ಟು, ನೀನು ಮುಂದೆ ಹೋಗಿರು, ನಾನು ಹಿಂದೆಯೇ ಬರುತ್ತೇನೆ ಎಂದು ಅವಳಿಗೆ ಹೇಳಿದ್ದೆ. ನೀನು ವಾರವಾರ ಅವಳ ಗೋರಿಯ ಹತ್ತಿರ ಹೋಗುತ್ತೀಯಲ್ಲ, ಮುಂದಿನ ಸಲ ಹೋದಾಗ ಸ್ವಲ್ಪ ಹೊತ್ತು ಕೂತು, ಮೊದಲು ಮಗಳು ಹೇಗೆ ಎದ್ದು ನಿಂತು ಮಾತಾಡಿದಳೆಂದು ಹೇಳು. ಸಂತೋಷಪಡುತ್ತಾಳೆ. ಆಮೇಲೆ ಮೆಲ್ಲಗೆ ಹೇಳು, ನಾನು ಬರುವುದಿಲ್ಲ ಎಂದು.