ರಣಚಂಡಿಗೆ ಹೊಸ ಅಕೌಂಟ್

ಅಮ್ಮಾ,

ಬೇಕರಿ ಕೆಲಸಕ್ಕೆ ಹೊರಟೆ. ನೀನು ಗೊರಕೆ ಹೊಡೀತಿದ್ದೆ, ಎಬ್ಬಿಸೋಕೆ ಮನಸ್ಸು ಬರಲಿಲ್ಲ.

ಇನ್ಮೇಲೆ ಫೋನಿನ ಕೋಟೆ ಆಟಕ್ಕೆ ನನ್ನ ಅಕೌಂಟ್ ಮುಟ್ಟಬೇಡ. ನಿನಗೇ ಅಂತ ಹೊಸದು ಮಾಡಿದ್ದೀನಿ. ನೀನು ಹೇಳಿದ 'ರಣಚಂಡಿ' ಹೆಸರನ್ನ ಆಗಲೇ ಯಾರೋ ಇಟ್ಕೊಂಡಿದ್ರು, ಅದಕ್ಕೇ 'ದೊಡ್ಡ ರಣಚಂಡಿ' ಆಗಿದ್ದೀಯ.

ಪಾಸ್‌ವರ್ಡ್ ಇಲ್ಲಿ ಬರೆದಿಲ್ಲ. ನಿನ್ನ ಫೋನಿನಲ್ಲೇ ಉಳಿಸಿದ್ದೀನಿ, ಆಟ ತೆರೆದರೆ ಸಾಕು. ಯಾಕೆ ಅಂತ ಗೊತ್ತಲ್ಲ? ಮನೆ ಬೀಗದ ಕೈ ಕೊಟ್ಟು ಹೋಗೋ ಹಾಗೆ, ನನ್ನ ಪಾಸ್‌ವರ್ಡನ್ನೂ ಕೆಳಗಿನ ಮನೆ ಟೈಲರ್ ಆಂಟಿ ಹತ್ತಿರ ಕೊಟ್ಟಿಟ್ಟಿದ್ದೀಯ! "ಮರೆತುಹೋದ್ರೆ ಇರ್ಲಿ ಅಂತ ಕಣೇ" ಅಂತ ಬೇರೆ ಹೇಳ್ತೀಯ. ಅವರು ಸುಮ್ಮನೆ ಇರ್ತಾರಾ? ಒಳಗೆ ಹೋಗಿ, ನಾನು ಕೂಡಿಟ್ಟ ಕತ್ತಿಗಳನ್ನೆಲ್ಲ ಮಾರಿ, ಕೋಟೆ ಸುತ್ತ ಗುಲಾಬಿ ತೋಟ ಮಾಡಿದ್ದಾರೆ. ಚೆನ್ನಾಗಿಲ್ಲ ಅನ್ನಲ್ಲ. ಆದರೆ ಶತ್ರುಗಳು ಬಂದ್ರೆ ಹೂ ಕೊಟ್ಟು ಕಳಿಸೋಣವಾ? ನನ್ನ ಸಿಟ್ಟನ್ನೆಲ್ಲ ಇವತ್ತು ಬೇಕರಿ ಹಿಟ್ಟಿನ ಮೇಲೆ ತೀರಿಸ್ಕೋತೀನಿ.

ಆಂಟಿಗೂ ಬೇರೆ ಅಕೌಂಟ್ ಮಾಡಿಕೊಟ್ಟಿದ್ದೀನಿ, ಅಲ್ಲಿ ಎಷ್ಟು ಬೇಕಾದ್ರೂ ಗಿಡ ನೆಡಲಿ.

ಅಡುಗೆ ಒಲೆ ಮೇಲಿದೆ. ಬಿಸಿಗಿಟ್ಟು ಆಟಕ್ಕೆ ಕೂತು, ಮೊನ್ನೆ ಥರ ತಳ ಹಿಡಿಸಬೇಡ. ಮಾತ್ರೆ ನುಂಗಿದ ಮೇಲೇ ಯುದ್ಧ.

ಇನ್ನೊಂದು ಮಾತು. ನಿನ್ನ ಹೊಸ ಅಕೌಂಟಿನ ಸುದ್ದಿ ಆಟದ ಗುಂಪಿನಲ್ಲಿ ಹಾಕಿದ್ದೇ ತಡ, ನನ್ನ ತಂಡದವರೆಲ್ಲ ನನ್ನನ್ನ ಬಿಟ್ಟು ನಿನ್ನ ಹಿಂದೆ ಬಂದುಬಿಟ್ರು. ಇಷ್ಟು ದಿನ ಗೆಲ್ಲಿಸ್ತಿದ್ದಿದ್ದು ಹಗಲು ಹೊತ್ತು ನನ್ನ ಅಕೌಂಟಿನಲ್ಲಿ ಆಡೋರಂತೆ, ಅಂದ್ರೆ ನೀನು! ನನ್ನನ್ನೂ ನಿನ್ನ ತಂಡಕ್ಕೆ ಸೇರಿಸ್ಕೋ ಅಂತ ಕೇಳಿದ್ದೀನಿ, ಎದ್ದ ತಕ್ಷಣ ನೋಡು. ನನ್ನ ಆಟ ನೋಡಿ ತೀರ್ಮಾನ ಮಾಡಬೇಡಮ್ಮ, ಹೆತ್ತ ಮಗಳು ಅಂತಾದ್ರೂ ಒಪ್ಕೋ.

ಇಂತಿ,
ಮಾಜಿ ನಾಯಕಿ